ಬಿಟ್ಟವರ ಬೆಟ್ಟ ಕಳ್ಬಪ್ಪು

ಶ್ರವಣಬೆಳಗೊಳಕ್ಕೆ ಹೋದ ಯಾತ್ರಿಕರ ಕಣ್ಣು ಮೊದಲು ಏರುವುದು ದೊಡ್ಡಬೆಟ್ಟಕ್ಕೆ. ಅದು ಸಹಜವೇ. 58 ಅಡಿ ಎತ್ತರದ ಬಾಹುಬಲಿ ಸ್ವಾಮಿಯು ಬಹುದೂರದಿಂದಲೇ ಕಾಣಿಸಿಕೊಂಡು ಕರೆಯುತ್ತಿರುವಾಗ, ಊರಿನ ಬಡಗಣ ದಿಕ್ಕಿನಲ್ಲಿ ಬೆನ್ನು ಬಾಗಿಸಿ ಮಲಗಿದಂತಿರುವ ಇನ್ನೊಂದು ಬಂಡೆಯ ಕಡೆಗೆ ತಿರುಗುವವರು ಕಡಿಮೆ. ಆರುನೂರಕ್ಕೂ ಹೆಚ್ಚು ಮೆಟ್ಟಿಲು ಹತ್ತಿ ಇಳಿದ ಕಾಲುಗಳು ಸೋತಿರುತ್ತವೆ, ಬಿಸಿಲೇರಿರುತ್ತದೆ, ಬಸ್ಸಿನ ವೇಳೆಯಾಗಿರುತ್ತದೆ. ‘ಅದು ಚಿಕ್ಕಬೆಟ್ಟ, ಇನ್ನೊಮ್ಮೆ ಬಂದಾಗ ನೋಡೋಣ’ ಎಂದು ಹೊರಟುಬಿಡುತ್ತೇವೆ.

ಆದರೆ ಬೆಳಗೊಳವು ತೀರ್ಥವಾದದ್ದು ಆ ಚಿಕ್ಕಬೆಟ್ಟದಿಂದ. ದೊಡ್ಡಬೆಟ್ಟದ ಮೇಲೆ ಬಾಹುಬಲಿಯ ಪ್ರತಿಷ್ಠೆಯಾದದ್ದು ಕ್ರಿ.ಶ. 981ರ ಸುಮಾರಿಗೆ. ಅದಕ್ಕೆ ಸುಮಾರು ನಾಲ್ಕು ಶತಮಾನಗಳಷ್ಟು ಮೊದಲೇ ಚಿಕ್ಕಬೆಟ್ಟದ ಬಂಡೆಗಳ ಮೇಲೆ ಶಾಸನಗಳು ಮೂಡಿದ್ದವು. ಅವುಗಳಲ್ಲಿ ಈ ಬೆಟ್ಟದ ಹೆಸರು ಕಟವಪ್ರ, ಕನ್ನಡದಲ್ಲಿ ಕಳ್ಬಪ್ಪು. ತೀರ್ಥಗಿರಿ, ಋಷಿಗಿರಿ ಎಂದೂ ಕರೆದದ್ದುಂಟು. ಚಂದ್ರಗುಪ್ತನ ನೆನಪಿನಿಂದ ಚಂದ್ರಗಿರಿ ಎಂಬ ಹೆಸರು ಬಂದಿತು. ಸಮುದ್ರಮಟ್ಟದಿಂದ 3,052 ಅಡಿ ಎಂದರೆ ಎತ್ತರವೆನಿಸೀತು. ಸುತ್ತಲಿನ ಬಯಲಿನಿಂದ ಅಳೆದರೆ ಕೇವಲ 175 ಅಡಿ. ಸುಮಾರು ಇನ್ನೂರು ಮೆಟ್ಟಿಲುಗಳಲ್ಲಿ ಮುಗಿದುಹೋಗುವ ಈ ಗುಡ್ಡದ ವಿಷಯವನ್ನು ಇಂದು ಬರೆಯುವುದಕ್ಕೆ ನನ್ನದೇ ಒಂದು ಹಳೆಯ ಬಾಕಿ ಕಾರಣವಾಗಿದೆ.

ಒಬ್ಬ ಹುಡುಗನ ಪ್ರಶ್ನೆ

ಅಧ್ಯಾಪಕನಾಗಿದ್ದಾಗ ಒಮ್ಮೆ ಎಂಟನೆಯ ತರಗತಿಯ ಮಕ್ಕಳನ್ನು ಈ ಬೆಟ್ಟಕ್ಕೆ ಕರೆದುಕೊಂಡು ಹೋಗಿದ್ದೆ. ಬಸದಿಗಳನ್ನು ತೋರಿಸಿ, ಶಾಸನಗಳ ವಿಷಯ ಹೇಳಿ, ಮಕ್ಕಳನ್ನು ಸ್ವಲ್ಪ ಹೊತ್ತು ವಿಶ್ರಾಂತಿಗೆ ಬಿಟ್ಟೆ. ತಿರುಗಿ ನೋಡುವಷ್ಟರಲ್ಲಿ ಒಬ್ಬ ಹುಡುಗನು ಕುಳಿತಲ್ಲಿಯೇ ಒಂದು ಮೊಳೆಯಿಂದ ಬಂಡೆಯ ಮೇಲೆ ತನ್ನ ಹೆಸರನ್ನು ಗೀರುತ್ತಿದ್ದನು. ಎರಡು ಅಕ್ಷರ ಮುಗಿದಿದ್ದವು. ನನಗೆ ಕೋಪ ನೆತ್ತಿಗೇರಿತು. ಎಲ್ಲರ ಎದುರಿಗೆ ಅವನ ಕಿವಿ ಹಿಂಡಿ, ‘ಇದು ಪವಿತ್ರಸ್ಥಳ, ನಿನಗೆ ಬುದ್ಧಿ ಬೇಡವೆ?’ ಎಂದು ಗದರಿಸಿದೆ. ಅವನು ಅಳುತ್ತಾ ಕೇಳಿದ್ದು ಒಂದೇ ಮಾತು: ‘ಸಾರ್, ಅವರೆಲ್ಲ ಹೆಸರು ಬರೆದಿದ್ದಾರಲ್ಲ?’

‘ಎದುರುತ್ತರ ಕೊಡಬೇಡ’ ಎಂದು ಬಾಯಿ ಮುಚ್ಚಿಸಿದೆ. ನಿಜವೇನೆಂದರೆ, ನನ್ನಲ್ಲಿ ಉತ್ತರವಿರಲಿಲ್ಲ. ಅರ್ಧ ಗಂಟೆಯ ಹಿಂದೆ ‘ನೋಡಿ ಮಕ್ಕಳೇ, ಇಲ್ಲಿ ಮಹಾಕವಿ ರನ್ನನ ಹಸ್ತಾಕ್ಷರವಿದೆ’ ಎಂದು ಅಭಿಮಾನದಿಂದ ಹೇಳಿದವನು ನಾನೇ. ಬಂಡೆಯ ಮೇಲಿರುವ ‘ಕವಿರತ್ನ’ ಎಂಬ ಬರಹವನ್ನು ವಿದ್ವಾಂಸರು ರನ್ನನದೆಂದು ಗುರುತಿಸಿದ್ದಾರೆ. ಸಾವಿರ ವರ್ಷಗಳ ಹಿಂದಿನ ಕವಿಯು ಬರೆದರೆ ಅಭಿಮಾನ, ಎಂಟನೆಯ ತರಗತಿಯ ಹುಡುಗನು ಬರೆದರೆ ಅಪರಾಧ, ಇದರ ನ್ಯಾಯವೇನು? ನಿವೃತ್ತನಾದ ಮೇಲೆ ಈ ಬೆಟ್ಟವನ್ನು ಅನೇಕ ಸಲ ಹತ್ತಿದ್ದೇನೆ. ಹತ್ತಿದಾಗಲೆಲ್ಲ ಆ ಪ್ರಶ್ನೆಯು ನನ್ನೊಡನೆ ಹತ್ತಿದೆ.

ಕಲ್ಲಿನ ಆಯುಷ್ಯ

ಮೊದಲು ಕಲ್ಲಿನ ವಿಷಯವನ್ನೇ ನೋಡೋಣ. ನಾವು ಬರಿಗಾಲಿನಲ್ಲಿ ತುಳಿಯುವ ಈ ಬಂಡೆಯು ದಕ್ಷಿಣ ಕರ್ನಾಟಕದ ಬುನಾದಿಯಾದ ಗ್ರಾನೈಟ್ ಮತ್ತು ನೈಸ್ ಶಿಲೆಗಳ ಕುಲಕ್ಕೆ ಸೇರಿದುದು. ಅದರ ವಯಸ್ಸು 250 ಕೋಟಿ ವರ್ಷಗಳಿಗೂ ಹೆಚ್ಚು. ಭೂಮಿಯ ಆಳದಲ್ಲಿ ಅಪಾರವಾದ ಶಾಖ ಮತ್ತು ಒತ್ತಡಗಳ ನಡುವೆ ಇದು ರೂಪುಗೊಂಡಿತು. ಹೊಳೆಯುವ ಬೆಣಚು, ಮಾಸಲು ಬಿಳುಪಿನ ಫೆಲ್ಡ್‌ಸ್ಪಾರ್, ಕಪ್ಪು ಅಭ್ರಕ. ಈ ಮೂರರ ಹರಳುಗಳನ್ನು ಮುಂಜಾನೆಯ ಓರೆಬಿಸಿಲಿನಲ್ಲಿ ಬರಿಗಣ್ಣಿನಿಂದಲೇ ಗುರುತಿಸಬಹುದು.

ಮೇಲಿದ್ದ ಮಣ್ಣು ಕಲ್ಲುಗಳು ಕೋಟ್ಯಂತರ ವರ್ಷಗಳಲ್ಲಿ ಸವೆದು ಕೊಚ್ಚಿಹೋದ ಮೇಲೆ ಆಳದ ಈ ಶಿಲೆಯು ಬೆಳಕಿಗೆ ಬಂದಿತು. ಹೊತ್ತಿದ್ದ ಭಾರವು ಇಳಿದಾಗ ಬಂಡೆಯು ಹಿಗ್ಗುತ್ತದೆ. ಹಿಗ್ಗಿದಾಗ ಮೇಲ್ಮೈಗೆ ಸಮಾನಾಂತರವಾಗಿ ತೆಳುವಾದ ಬಿರುಕುಗಳು ಏಳುತ್ತವೆ. ಬೇಸಗೆಯ ಹಗಲಿನ ಕಾವು, ಇರುಳಿನ ತಂಪು, ಬಿರುಕಿನೊಳಗೆ ಇಳಿಯುವ ಮಳೆನೀರು, ಇವೆಲ್ಲ ಸೇರಿ ಬಂಡೆಯ ಮೇಲ್ಪದರವನ್ನು ಈರುಳ್ಳಿಯ ಸಿಪ್ಪೆಯಂತೆ ಬಿಡಿಸುತ್ತವೆ. ನಮ್ಮ ನಾಡಿನ ಬಂಡೆಗುಡ್ಡಗಳು ಚೂಪಾಗಿರದೆ ದುಂಡಗೆ, ಆನೆಯ ಬೆನ್ನಿನಂತೆ ಇರುವುದಕ್ಕೆ ಇದೇ ಕಾರಣ. ಬೆಟ್ಟವು ಬೆಳೆದು ದುಂಡಗಾದದ್ದಲ್ಲ. ಪದರ ಪದರವಾಗಿ ಕಳಚಿಕೊಂಡು ದುಂಡಗಾದದ್ದು.

ತಗ್ಗಿನಲ್ಲಿ ನಿಂತ ಮಳೆನೀರು ಹರಳುಗಳನ್ನು ನಿಧಾನವಾಗಿ ಸಡಿಲಗೊಳಿಸಿ ಕುಳಿಗಳನ್ನು ಮಾಡುತ್ತದೆ. ಬಂಡೆಯ ಇಂತಹ ನೀರ್ದಾಣವೇ ದೊಣೆ. ಚಿಕ್ಕಬೆಟ್ಟದಲ್ಲಿ ಕಂಚಿನ ದೊಣೆ, ಲಕ್ಕಿ ದೊಣೆ ಎಂಬ ಎರಡು ದೊಣೆಗಳು ಪ್ರಸಿದ್ಧವಾಗಿವೆ. ಆಹಾರವನ್ನು ಬಿಟ್ಟು ದಿನಗಳನ್ನೆಣಿಸುತ್ತಿದ್ದ ತಪಸ್ವಿಗಳಿಗೂ ಅವರ ಸೇವೆಗೆ ನಿಂತವರಿಗೂ ಈ ನೀರು ಎಷ್ಟು ಬೆಲೆಯುಳ್ಳದ್ದಾಗಿತ್ತೆಂಬುದನ್ನು ಬೇಸಗೆಯ ಮಧ್ಯಾಹ್ನ ಈ ಬೆಟ್ಟ ಹತ್ತಿದವರು ಬಲ್ಲರು.

ಬರಿಯ ಬಂಡೆ ಎಂದು ನಾವು ಹೇಳುವುದು ಸಹ ಬರಿದಲ್ಲ. ಅದರ ಮೈಮೇಲೆ ಬೂದು, ಹಳದಿ, ಕಪ್ಪು ಬಣ್ಣದ ಮಚ್ಚೆಗಳಂತೆ ಕಲ್ಲುಹೂವು ಹಬ್ಬುತ್ತದೆ. ಶಿಲೀಂಧ್ರ ಮತ್ತು ಪಾಚಿಗಳು ಒಂದನ್ನೊಂದು ಆಶ್ರಯಿಸಿ ಒಂದೇ ದೇಹದಂತೆ ಬಾಳುವ ಜೀವರೂಪವದು. ಬೆಳೆಯುವುದು ಬಹಳ ನಿಧಾನ. ಬಿರುಕಿನಲ್ಲಿ ಸೇರಿದ ಹಿಡಿಮಣ್ಣಿನಲ್ಲಿ ಹುಲ್ಲು ಬೇರೂರುತ್ತದೆ. ಬೇಸಗೆಯಲ್ಲಿ ಒಣಗಿ ಸತ್ತಂತೆ ತೋರಿ, ಮೊದಲ ಮಳೆ ಬಿದ್ದೊಡನೆ ಮತ್ತೆ ಹಸಿರಾಗುವ ಹುಲ್ಲುಗಳು ನಮ್ಮ ನಾಡಿನ ಬಂಡೆಗಳ ಮೇಲುಂಟು. ಬಿಸಿಲಿಗೆ ಕಾದ ಕಲ್ಲಿನ ಮೇಲೆ ತಲೆಯೆತ್ತಿ ಕೂರುವ ಓತಿಕ್ಯಾತ ನಮ್ಮ ಬಂಡೆಗುಡ್ಡಗಳ ಹಳೆಯ ಒಕ್ಕಲು. ಸಂತಾನಕಾಲದಲ್ಲಿ ಗಂಡಿನ ಮೈ ಕೆಂಪು ಮತ್ತು ಕಪ್ಪಾಗಿ ಕಂಗೊಳಿಸುತ್ತದೆ.

ನಮ್ಮ ಆಚಾರ್ಯರು ಇದನ್ನೆಲ್ಲ ಬೇರೊಂದು ಕಣ್ಣಿನಿಂದ ನೋಡಿದರು. ಸ್ಪರ್ಶವೆಂಬ ಒಂದೇ ಇಂದ್ರಿಯವುಳ್ಳ ಸ್ಥಾವರ ಜೀವಗಳನ್ನು ಪೃಥ್ವೀಕಾಯ, ಅಪ್ಕಾಯ, ತೇಜಸ್ಕಾಯ, ವಾಯುಕಾಯ, ವನಸ್ಪತಿಕಾಯ ಎಂದು ಐದು ಬಗೆಯಾಗಿ ವಿಂಗಡಿಸಿದರು. ಪೃಥ್ವೀಕಾಯದ ಭೇದಗಳನ್ನೆಣಿಸುವಾಗ ಮಣ್ಣು, ಮರಳು, ಉಪ್ಪು, ಅಭ್ರಕಗಳೊಡನೆ ಶಿಲೆಯನ್ನೂ ಹೆಸರಿಸಿದರು. ಕಲ್ಲಿನ ಹರಳುಗಳನ್ನು ಬಿಡಿಸಿ ನೋಡುವ ಶಾಸ್ತ್ರ ಒಂದು. ಕಲ್ಲಿನ ಮುಂದೆಯೂ ನಮ್ಮ ಕೈ ಸುಮ್ಮನಿರಲಿ ಎಂದು ಕಲಿಸುವ ಶಾಸ್ತ್ರ ಇನ್ನೊಂದು. ಎರಡಕ್ಕೂ ಈ ಬೆಟ್ಟದಲ್ಲಿ ಎಡೆಯುಂಟು.

ಶಾಸನದೊಳಗಿನ ಕಾಡು

ಚಿಕ್ಕಬೆಟ್ಟದ ಪಾರ್ಶ್ವನಾಥ ಬಸದಿಯ ಬಳಿ, ಬಂಡೆಯ ಮೇಲೆ, ಸುಮಾರು ಕ್ರಿ.ಶ. 600ರ ಒಂದು ಸಂಸ್ಕೃತ ಶಾಸನವಿದೆ. ಬೆಳಗೊಳದ ಶಾಸನಗಳಲ್ಲಿ ಅತ್ಯಂತ ಪ್ರಾಚೀನವೆಂದು ಇದಕ್ಕೆ ಮಾನ್ಯತೆಯುಂಟು. ಉಜ್ಜಯಿನಿಯಲ್ಲಿ ನಿಮಿತ್ತಜ್ಞಾನಿಯಾದ ಭದ್ರಬಾಹುಸ್ವಾಮಿಗಳು ಹನ್ನೆರಡು ವರ್ಷಗಳ ಕ್ಷಾಮವನ್ನು ಮುಂದಾಗಿ ಕಂಡು ತಿಳಿಸಿದುದು, ಮುನಿಸಂಘವು ಉತ್ತರಾಪಥವನ್ನು ಬಿಟ್ಟು ದಕ್ಷಿಣಕ್ಕೆ ಹೊರಟುದು, ಆಚಾರ್ಯರು ತಮ್ಮ ಆಯುಷ್ಯವು ಅಲ್ಪವೇ ಉಳಿದಿದೆಯೆಂದು ಅರಿತು ಸಂಘವನ್ನು ಮುಂದಕ್ಕೆ ಕಳುಹಿಸಿ ಒಬ್ಬನೇ ಶಿಷ್ಯನೊಡನೆ ಈ ಕಟವಪ್ರದಲ್ಲಿ ಉಳಿದು ಸಮಾಧಿಯನ್ನು ಸಾಧಿಸಿದುದು, ಇವು ಅದರ ವಿಷಯ. ಗುರುವು ಭದ್ರಬಾಹು, ಉಳಿದ ಶಿಷ್ಯನು ರಾಜ್ಯವನ್ನು ತೊರೆದು ಬಂದ ಚಂದ್ರಗುಪ್ತ ಮೌರ್ಯ ಎಂಬುದು ನಮ್ಮ ಪರಂಪರೆಯ ನಂಬಿಕೆ. ಶಾಸನವು ಪ್ರಭಾಚಂದ್ರರ ಹೆಸರನ್ನೂ ಹೇಳುವುದರಿಂದ ವಿದ್ವಾಂಸರಲ್ಲಿ ಚರ್ಚೆಗಳು ನಡೆದಿವೆ. ಆ ಚರ್ಚೆ ಹೇಗೇ ಇರಲಿ, ಭದ್ರಬಾಹು ಗುಹೆಯಲ್ಲಿರುವ ಪಾದಗಳ ಮುಂದೆ ಇಂದಿಗೂ ಭಕ್ತರು ತಲೆಬಾಗುತ್ತಾರೆ.

ನನ್ನನ್ನು ಹಿಡಿದು ನಿಲ್ಲಿಸುವುದು ಆ ಶಾಸನದ ಇನ್ನೊಂದು ಭಾಗ. ಕಟವಪ್ರವನ್ನು ಬಣ್ಣಿಸುವಾಗ ಅದನ್ನು ರಚಿಸಿದವನು ಹೂಬಿಟ್ಟ ಬಗೆಬಗೆಯ ಮರಗಳನ್ನು, ಮಳೆಮೋಡದಂತೆ ಕಪ್ಪಗಿರುವ ಬಂಡೆಗಳನ್ನು, ಕಣಿವೆ ಮತ್ತು ಗುಹೆಗಳನ್ನು ನೆನೆಯುತ್ತಾನೆ. ಅಲ್ಲಿದ್ದ ಪ್ರಾಣಿಗಳ ಪಟ್ಟಿಯನ್ನೇ ಕೊಡುತ್ತಾನೆ: ಹಂದಿ, ಚಿರತೆ, ಹುಲಿ, ಕರಡಿ, ಕತ್ತೆಕಿರುಬ, ಹಾವು, ಜಿಂಕೆ. ಇದರಲ್ಲಿ ಕವಿಸಮಯದ ಪಾಲು ಸ್ವಲ್ಪ ಇದ್ದೀತು. ಆದರೂ 1,400 ವರ್ಷಗಳ ಹಿಂದೆ ಬೆಳಗೊಳದ ಈ ಗುಡ್ಡವು ಕಾಡಿನ ನಡುವಿನ ಬಂಡೆಯಾಗಿತ್ತು ಎಂಬುದನ್ನು ಊಹಿಸಲು ಅಡ್ಡಿಯಿಲ್ಲ. ಸಲ್ಲೇಖನಕ್ಕೆಂದು ಬಂದ ಮುನಿಗಳು ಆ ಮೃಗಗಳ ನಡುವೆಯೇ ಕುಳಿತರು. ಅವುಗಳನ್ನು ಓಡಿಸಲಿಲ್ಲ, ತಾವು ಕಡಿಮೆ ಜಾಗದಲ್ಲಿ, ಕಡಿಮೆ ಚಲನೆಯಲ್ಲಿ, ಕಡಿಮೆ ಆಹಾರದಲ್ಲಿ ಇರಲು ಅಭ್ಯಾಸ ಮಾಡಿದರು. ಇಂದು ಆ ಹುಲಿಯಿಲ್ಲ, ಕರಡಿಯಿಲ್ಲ. ಬೆಟ್ಟದ ಮೇಲಿನ ಕಲ್ಲಿನಲ್ಲಿ ಅವುಗಳ ಹೆಸರುಗಳು ಉಳಿದಿವೆ.

ಅದೇ ಶಾಸನದ ಕೊನೆಯಲ್ಲಿ, ಕಾಲಕ್ರಮದಲ್ಲಿ 700 ಋಷಿಗಳು ಇಲ್ಲಿ ಆರಾಧನೆಯನ್ನು ಸಾಧಿಸಿದರೆಂಬ ಮಾತಿದೆ. ಒಂದು ಪುಟ್ಟ ಗುಡ್ಡಕ್ಕೆ ಇಷ್ಟು ಜನರು ಬಂದುದು ಏನನ್ನೋ ಪಡೆಯಲು ಅಲ್ಲ, ಬಿಡಲು.

ಬಂದವರು, ಬಿಟ್ಟವರು

ಬೆಳಗೊಳದ ಶಾಸನಗಳನ್ನು ಮೊದಲು ಒಟ್ಟುಗೂಡಿಸಿ 1889ರಲ್ಲಿ ಪ್ರಕಟಿಸಿದವರು ಬಿ.ಎಲ್. ರೈಸ್. ಅವರ ಸಂಪುಟದಲ್ಲಿದ್ದವು 144 ಶಾಸನಗಳು. 1923ರಲ್ಲಿ ಆರ್. ನರಸಿಂಹಾಚಾರ್ಯರು ಪರಿಷ್ಕರಿಸಿದಾಗ ಆ ಸಂಖ್ಯೆಯು 500 ಆಯಿತು. 1973ರಲ್ಲಿ ಮೈಸೂರು ವಿಶ್ವವಿದ್ಯಾನಿಲಯದ ಕನ್ನಡ ಅಧ್ಯಯನ ಸಂಸ್ಥೆಯು ಹೊರತಂದ ಆವೃತ್ತಿಯಲ್ಲಿ 573. ಇವುಗಳಲ್ಲಿ 172 ದೊಡ್ಡಬೆಟ್ಟದವು, 80 ಊರಿನವು, 50 ಸುತ್ತಲಿನ ಹಳ್ಳಿಗಳವು. ಉಳಿದ 271 ಶಾಸನಗಳೂ ಚಿಕ್ಕಬೆಟ್ಟದವೇ. ಕಲ್ಲು ಹೊಸದಾಗಲಿಲ್ಲ; ನೋಡುವವರು ಬಗ್ಗಿ ನೋಡಿದಷ್ಟೂ ಅಕ್ಷರಗಳು ಕಂಡವು.

ಏಳು, ಎಂಟನೆಯ ಶತಮಾನದ ಶಾಸನಗಳಲ್ಲಿ ಬಹುಪಾಲು ನಿಸಿದಿಯ ಬರಹಗಳು. ಬಹಳ ಚಿಕ್ಕವು, ಕೆಲವು ಎರಡು ಮೂರು ಸಾಲುಗಳಲ್ಲಿಯೇ ಮುಗಿಯುತ್ತವೆ. ಊರು, ಗುರು, ಹೆಸರು, ನೋಂತ ಕಾಲ, ಮುಡಿಪಿದ ಸಂಗತಿ, ಇಷ್ಟೇ. ಚಿತ್ತೂರಿನ ಮೌನಿಗುರುಗಳ ಶಿಷ್ಯೆಯಾದ ನಾಗಮತಿ ಗಂತಿಯರು ಮೂರು ತಿಂಗಳು ನೋಂತರು. ಮಾಲನೂರಿನ ಪಟ್ಟಿನಿ ಗುರುಗಳ ಶಿಷ್ಯರಾದ ಉಗ್ರಸೇನ ಗುರುಗಳು ಒಂದು ತಿಂಗಳು ನೋಂತರು. ಮುನಿಗಳ ಜೊತೆಗೆ ಆರ್ಯಿಕೆಯರ ಹೆಸರುಗಳು ಅದೇ ಬಂಡೆಯ ಮೇಲೆ, ಅದೇ ಗೌರವದಿಂದ ನಿಂತಿವೆ. ಕನ್ನಡ ಭಾಷೆಯಲ್ಲಿ ನಮಗೆ ದೊರೆತಿರುವ ಹಳೆಯ ಕಾವ್ಯದ ತುಣುಕುಗಳಲ್ಲಿ ಕೆಲವು ಈ ಮರಣದ ಬಂಡೆಗಳ ಮೇಲೆಯೇ ಇವೆ. ನಂದಿಸೇನ ಮುನಿಗಳ ಶಾಸನವನ್ನು ಓದಿದವರಿಗೆ, ಅನಿತ್ಯಾನುಪ್ರೇಕ್ಷೆಯು ಒಣ ಉಪದೇಶವಲ್ಲ, ಕಣ್ತುಂಬ ಸೌಂದರ್ಯವನ್ನು ಕಂಡು ಅದರ ಕ್ಷಣಿಕತೆಯನ್ನೂ ಕಂಡವನ ಮಾತು ಎಂಬುದು ತಿಳಿಯುತ್ತದೆ.

ಅನಂತರ ಅರಸರು ಬಂದರು. ರಾಷ್ಟ್ರಕೂಟರ ಕೊನೆಯ ಕುಡಿಯಾದ ನಾಲ್ಕನೆಯ ಇಂದ್ರನು ರಾಜ್ಯವನ್ನು ಕಳೆದುಕೊಂಡ ಮೇಲೆ 982ರಲ್ಲಿ ಬೆಳಗೊಳದಲ್ಲಿ ಸಲ್ಲೇಖನದಿಂದ ದೇಹವನ್ನು ಬಿಟ್ಟನು. ದೊಡ್ಡಬೆಟ್ಟದಲ್ಲಿ ಬಾಹುಬಲಿಯನ್ನು ನಿಲ್ಲಿಸಿದ ಚಾವುಂಡರಾಯನ ಹೆಸರಿನ ಬಸದಿ ಇರುವುದು ಈ ಚಿಕ್ಕಬೆಟ್ಟದಲ್ಲಿ. ಅದರ ಮೇಲಂತಸ್ತನ್ನು ಮಾಡಿಸಿದವನು ಅವನ ಮಗ ಜಿನದೇವಣ. ಬೆಟ್ಟದ ಬುಡದಲ್ಲಿ ಚಾವುಂಡರಾಯನ ಬಂಡೆಯಿದೆ. ಅಲ್ಲಿ ನಿಂತು ಎದುರಿನ ಬೆಟ್ಟಕ್ಕೆ ಬಾಣಬಿಟ್ಟಾಗ ಬಾಹುಬಲಿಯ ದರ್ಶನವಾಯಿತೆಂದು ಐತಿಹ್ಯ. ದೊಡ್ಡದನ್ನು ಕಾಣಲು ಅವನೂ ಚಿಕ್ಕದರ ಪಕ್ಕದಲ್ಲಿಯೇ ನಿಲ್ಲಬೇಕಾಯಿತು.

ಹನ್ನೆರಡನೆಯ ಶತಮಾನದಲ್ಲಿ ಹೊಯ್ಸಳರ ದಂಡನಾಯಕ ಗಂಗರಾಜನು ತಾಯಿ ಪೋಚವ್ವೆಗಾಗಿ 1118ರಲ್ಲಿ ಕತ್ತಲೆ ಬಸದಿಯನ್ನು ಮಾಡಿಸಿದನು. ಅವನ ಪತ್ನಿ ಲಕ್ಷ್ಮಿಯು ಎರಡುಕಟ್ಟೆ ಬಸದಿಯನ್ನು ಕಟ್ಟಿಸಿದಳು. ತೇರಿನ ಬಸದಿಯನ್ನು ಕಟ್ಟಿಸಿದವರು ಇಬ್ಬರು ವರ್ತಕರ ತಾಯಂದಿರು. ವಿಷ್ಣುವರ್ಧನನ ರಾಣಿ ಶಾಂತಲೆಯು 1123ರಲ್ಲಿ ಸವತಿಗಂಧವಾರಣ ಬಸದಿಯನ್ನು ನಿರ್ಮಿಸಿದಳು. 1131ರಲ್ಲಿ ಆಕೆಯು ಶಿವಗಂಗೆಯಲ್ಲಿ ತೀರಿಕೊಂಡಳು. ಮಗಳನ್ನು ಕಳೆದುಕೊಂಡ ತಾಯಿ ಮಾಚಿಕಬ್ಬೆಯು ಬೆಳಗೊಳಕ್ಕೆ ಬಂದು ಒಂದು ತಿಂಗಳ ಉಪವಾಸದಿಂದ ಸಮಾಧಿಯನ್ನು ಪಡೆದಳೆಂದು ಅದೇ ಬಸದಿಯ ಶಾಸನವು ಹೇಳುತ್ತದೆ. ಆ ಸಾಲುಗಳ ಮುಂದೆ ನಿಂತಾಗ ಇತಿಹಾಸದ ಮೇಷ್ಟರ ಬಾಯಿ ಕಟ್ಟುತ್ತದೆ. ದುಃಖವು ಆಕೆಯನ್ನು ಇಲ್ಲಿಗೆ ಕರೆತಂದಿತೆ, ವೈರಾಗ್ಯವೆ? ಶಾಸನವು ಹೇಳುವುದು ಗುರುಗಳ ಸನ್ನಿಧಿಯಲ್ಲಿ ಆಕೆ ಕೈಗೊಂಡ ವ್ರತವನ್ನು. ತಾಯಿಯ ಮನಸ್ಸಿನಲ್ಲಿ ಒಂದು ಮತ್ತೊಂದಾಗಿ ಮಾಗಲು ಆ ಒಂದು ತಿಂಗಳು ಬೇಕಾಗಿರಬಹುದು.

ಸಲ್ಲೇಖನ ಎಂದರೆ ತೆಳುವಾಗಿಸುವುದು. ಕಾಯವನ್ನೂ ಕಷಾಯಗಳನ್ನೂ ಕ್ರಮವಾಗಿ ಸವೆಯಿಸುವುದು. ಪರಿಹಾರವಿಲ್ಲದ ಉಪಸರ್ಗ, ಕ್ಷಾಮ, ಮುಪ್ಪು, ರೋಗಗಳು ಒದಗಿದಾಗ ಧರ್ಮಕ್ಕಾಗಿ ದೇಹವನ್ನು ಬಿಡುವುದು ಸಲ್ಲೇಖನವೆಂದು ಸಮಂತಭದ್ರ ಆಚಾರ್ಯರು ರತ್ನಕರಂಡಕ ಶ್ರಾವಕಾಚಾರದಲ್ಲಿ ಮೇರೆಗಳನ್ನು ಹಾಕಿದ್ದಾರೆ. ಸಾಯುವ ಆಸೆಯೂ ಅಲ್ಲಿ ಅತಿಚಾರ, ಬದುಕುವ ಆಸೆಯೂ ಅತಿಚಾರ. ಕ್ರೋಧ, ಮಾನ, ಮಾಯೆ, ಲೋಭಗಳು ತೆಳುವಾಗದೆ ಹೊಟ್ಟೆಯೊಂದೇ ತೆಳುವಾದರೆ ಅದು ಸಲ್ಲೇಖನವಾಗದು. ಹೊತ್ತ ಭಾರವಿಳಿದಂತೆ ಪದರಗಳನ್ನು ಕಳಚಿಕೊಳ್ಳುವ ಈ ಬಂಡೆಯ ಮೇಲೆ, ಒಂದೊಂದೇ ಕಷಾಯವನ್ನು ಕಳಚಿಕೊಳ್ಳುತ್ತಾ ಅವರು ಕುಳಿತರು ಎಂದು ನೆನೆದರೆ, ಈ ಸ್ಥಳವನ್ನು ಆರಿಸಿದವರ ಕಣ್ಣಿಗೆ ಕೈಮುಗಿಯಬೇಕೆನಿಸುತ್ತದೆ.

ಹೆಸರು ಮತ್ತು ಗೀರು

ಈಗ ಹುಡುಗನ ಪ್ರಶ್ನೆಗೆ ಬರುತ್ತೇನೆ. ಅವನು ಕೇಳಿದ್ದು ಸರಿಯಾಗಿಯೇ ಇತ್ತು. ಲಕ್ಕಿ ದೊಣೆಯ ಬಳಿಯ ಬಂಡೆಯ ಮೇಲೆ ಇರುವುದು ಯಾತ್ರಿಕರ ಹೆಸರುಗಳು. ಒಂಬತ್ತು, ಹತ್ತನೆಯ ಶತಮಾನಗಳಲ್ಲಿ ಬಂದವರು ‘ನಾನು ಬಂದಿದ್ದೆ’ ಎಂಬುದಕ್ಕೆ ಗುರುತು ಬಿಟ್ಟು ಹೋದರು. ಅವರೂ ನಮ್ಮಂತಹ ಗೃಹಸ್ಥರು. ಅವರನ್ನು ಕಾಲದ ದೂರದಿಂದಾಗಿ ದೇವರುಗಳನ್ನಾಗಿ ಮಾಡುವುದೂ, ಇಂದಿನ ಹುಡುಗನನ್ನು ಪಾಪಿಯನ್ನಾಗಿ ಮಾಡುವುದೂ ಎರಡೂ ತಪ್ಪು.

ಆದರೆ ಬೆಟ್ಟದ ಮೇಲಿನ ಬರಹಗಳಲ್ಲಿ ಒಂದು ಭೇದವಿದೆ. ಯಾತ್ರಿಕನ ಹೆಸರು ‘ಬಂದೆ’ ಎನ್ನುತ್ತದೆ. ನಿಸಿದಿಯ ಹೆಸರು ‘ಬಿಟ್ಟರು’ ಎನ್ನುತ್ತದೆ. ನಾಗಮತಿ ಗಂತಿಯರು ತಮ್ಮ ಹೆಸರನ್ನು ತಾವು ಕೊರೆಯಲಿಲ್ಲ. ಹೆಸರಿನಿಂದ ಅವರಿಗೆ ಯಾವ ಉಪಯೋಗವೂ ಉಳಿಯದ ಮೇಲೆ ಬೇರೆಯವರು ಅದನ್ನು ಬರೆದರು. ಹೊಗಳಿಕೆಗಿಂತ ಹೆಚ್ಚಾಗಿ, ಹೀಗೂ ಬಿಡಲು ಸಾಧ್ಯವೆಂದು ಹಿಂದೆ ಬರುವವರಿಗೆ ತಿಳಿಯಲೆಂದು. ಅದು ಪರೋಪಕಾರದ ಬರಹ.

ಇನ್ನೊಂದು ಉತ್ತರವನ್ನು ಶ್ರಾವಕಾಚಾರವೇ ಕೊಡುತ್ತದೆ. ಗೃಹಸ್ಥನು ಮನೆ ಕಟ್ಟುತ್ತಾನೆ, ನೆಲ ಅಗೆಯುತ್ತಾನೆ, ನೀರು ಬಳಸುತ್ತಾನೆ. ಸ್ಥಾವರ ಜೀವಗಳ ಹಿಂಸೆಯಿಂದ ಅವನು ಪೂರ್ಣವಾಗಿ ತಪ್ಪಿಸಿಕೊಳ್ಳಲಾರನು ಎಂಬುದನ್ನು ಆಚಾರ್ಯರು ಬಲ್ಲರು. ಆದುದರಿಂದಲೇ ಅನರ್ಥದಂಡ ವ್ರತವನ್ನು ಗುಣವ್ರತಗಳಲ್ಲಿ ಒಂದನ್ನಾಗಿ ಇಟ್ಟರು. ಅನರ್ಥದಂಡ ಎಂದರೆ ಪ್ರಯೋಜನವಿಲ್ಲದೆ ನೀಡುವ ನೋವು. ಅದರ ಐದು ಬಗೆಗಳಲ್ಲಿ ಪ್ರಮಾದಚರ್ಯೆ ಒಂದು: ಸುಮ್ಮನೆ ನೆಲ ಕೆದಕುವುದು, ಸುಮ್ಮನೆ ನೀರು ಚೆಲ್ಲುವುದು, ಸುಮ್ಮನೆ ಗಿಡದ ಎಲೆ ಚಿವುಟುವುದು. ಬಸ್ಸಿಗೆ ಕಾಯುತ್ತಾ ಪಕ್ಕದ ಗಿಡದ ಎಲೆಯನ್ನು ಹರಿದು ಚೂರು ಮಾಡುವ ನಮ್ಮ ಬೆರಳುಗಳನ್ನು ಆಚಾರ್ಯರು ಆಗಲೇ ನೋಡಿದ್ದರೋ ಎನಿಸುತ್ತದೆ! ಬಂಡೆಯ ಮೇಲಿನ ಗೀರು ಅಂತಹುದು. ಅದರಿಂದ ಬರೆದವನಿಗೆ ಲಾಭವಿಲ್ಲ, ಓದಿದವನಿಗೆ ಜ್ಞಾನವಿಲ್ಲ. ನೂರು ವರ್ಷ ಬೆಳೆದ ಕಲ್ಲುಹೂವು ಒಂದು ಕ್ಷಣದಲ್ಲಿ ಹೋಗುತ್ತದೆ. ಓದಲಾಗದಷ್ಟು ಸವೆದ ಹಳೆಯ ಅಕ್ಷರವೊಂದು ಅದರ ಕೆಳಗಿದ್ದರೆ, ಅದನ್ನು ಕೊರೆಯಿಸಿದವರ ಮಾತು ಎರಡನೆಯ ಸಲ ಸಾಯುತ್ತದೆ.

ಈ ಮಾತನ್ನು ಅಂದು ಆ ಹುಡುಗನಿಗೆ ಹೀಗೆಯೇ, ಪಕ್ಕದಲ್ಲಿ ಕುಳಿತು ಹೇಳಬಹುದಾಗಿತ್ತು. ನಾನು ಮಾಡಿದ್ದೇನು? ಏಕೇಂದ್ರಿಯವಾದ ಬಂಡೆಗೆ ನೋವಾಯಿತೆಂದು ಪಂಚೇಂದ್ರಿಯನಾದ, ಮನಸ್ಸುಳ್ಳ ಮಗುವಿಗೆ ಎಲ್ಲರ ಎದುರಿಗೆ ನೋವು ಮಾಡಿದೆ. ಅವನು ಗೀರಿದ್ದು ಕಲ್ಲಿನ ಮೇಲೆ. ನಾನು ಗೀರಿದ್ದು ಎಲ್ಲಿ ಎಂಬುದನ್ನು ಬಿಡಿಸಿ ಹೇಳಬೇಕಾಗಿಲ್ಲ. ಅವನ ತಪ್ಪು ಪ್ರಮಾದದಿಂದ ಆದದ್ದು; ನನ್ನದು ಕ್ರೋಧದಿಂದ, ಅದರ ಕೆಳಗಿದ್ದ ಮಾನದಿಂದ. ‘ನನ್ನ ಶಾಲೆಯ ಮಕ್ಕಳು ಹೀಗೆ ಮಾಡಿದರಲ್ಲ, ಜನ ಏನೆಂದಾರು’ ಎಂಬ ಯೋಚನೆಯೇ ನನಗೆ ಮೊದಲು ಬಂದದ್ದು. ಸಲ್ಲೇಖನದ ಬೆಟ್ಟದ ಮೇಲೆ ನಿಂತು ಕಷಾಯವನ್ನು ದಪ್ಪ ಮಾಡಿಕೊಂಡು ಇಳಿದೆ.

ಪ್ರತಿವರ್ಷವೂ ದಶಲಕ್ಷಣ ಪರ್ವವು ಮುಗಿದು ಕ್ಷಮಾವಣಿಯ ದಿನ ಬಂದಾಗ ಬಂಧುಮಿತ್ರರೆಲ್ಲರಲ್ಲಿ ಕ್ಷಮೆ ಕೇಳುತ್ತೇನೆ. ಆ ಹುಡುಗನು ಎಲ್ಲಿದ್ದಾನೋ ಗೊತ್ತಿಲ್ಲ. ಈಗ ಅವನಿಗೂ ಮಕ್ಕಳಿರಬಹುದು. ಈ ಬರಹವು ಅವನ ಕಣ್ಣಿಗೆ ಬಿದ್ದರೆ, ಅವನು ಕೇಳಿದ ಪ್ರಶ್ನೆಯು ನ್ಯಾಯವಾದುದೆಂದೂ, ಉತ್ತರಿಸದ ಮೇಷ್ಟರು ಕ್ಷಮೆ ಕೇಳುತ್ತಿದ್ದಾರೆಂದೂ ತಿಳಿಯಲಿ.

ಚಿಕ್ಕದನ್ನು ಮೊದಲು

ಓದುಗರಲ್ಲಿ ನನ್ನದೊಂದು ವಿನಂತಿ. ಮುಂದಿನ ಸಲ ಬೆಳಗೊಳಕ್ಕೆ ಹೋದಾಗ ಚಿಕ್ಕಬೆಟ್ಟವನ್ನು ಮೊದಲು ಹತ್ತಿರಿ, ಸೂರ್ಯನು ಏರುವ ಮೊದಲೇ ಹತ್ತಿರಿ. ಓರೆಬೆಳಕಿನಲ್ಲಿ ಅಕ್ಷರಗಳ ಅಂಚುಗಳಿಗೆ ನೆರಳು ಬಿದ್ದು, ನಡುಹಗಲಿನಲ್ಲಿ ಕಾಣದ ಬರಹಗಳು ಆಗ ಕಾಣುತ್ತವೆ. ಕೆಲವು ಶಾಸನಗಳಿಗೆ ಗಾಜಿನ ಹೊದಿಕೆಯಿದೆ. ಉಳಿದವು ಬಿಸಿಲು ಮಳೆಗಳಿಗೆ ತೆರೆದೇ ಇವೆ. ನಡೆಯುವಾಗ ಈರ್ಯಾಸಮಿತಿಯನ್ನು ನೆನೆಯಿರಿ. ನೆಲವನ್ನು ನೋಡಿ ಹೆಜ್ಜೆಯಿಡುವುದು ಮುನಿಗಳಿಗೆ ಇರುವೆಯನ್ನು ಉಳಿಸುವ ನಿಯಮ. ಇಲ್ಲಿ ಅದು ಅಕ್ಷರವನ್ನೂ ಉಳಿಸುತ್ತದೆ. ಅಕ್ಷರಗಳು ಎದ್ದು ಕಾಣಲೆಂದು ಸುಣ್ಣ, ಪುಡಿ, ನೀರು ಯಾವುದನ್ನೂ ಹಾಕಬೇಡಿರಿ. ಮಕ್ಕಳ ಕೈಯಲ್ಲಿ ಒಂದು ಪುಸ್ತಕ ಮತ್ತು ಸೀಸದಕಡ್ಡಿಯನ್ನು ಕೊಡಿರಿ. ಒಂದು ಹಳೆಯ ಹೆಸರನ್ನು ನೋಡಿ ಬರೆದುಕೊಳ್ಳಲಿ. ತನ್ನ ಹೆಸರನ್ನು ಕಲ್ಲಿನ ಮೇಲೆ ಬರೆಯುವ ಆಸೆಯುಳ್ಳ ಕೈಗೆ, ಕಲ್ಲಿನ ಮೇಲಿರುವ ಹೆಸರನ್ನು ತನ್ನ ಪುಸ್ತಕಕ್ಕೆ ಇಳಿಸಿಕೊಳ್ಳುವ ಕೆಲಸ ಕೊಟ್ಟರೆ ಅದು ತಾನಾಗಿ ಮೃದುವಾಗುತ್ತದೆ. ಇದು ನಾನು ತಡವಾಗಿ ಕಲಿತ ಪಾಠ.

ಪ್ರಾಕಾರದೊಳಗಿನ ಬಸದಿಗಳ ದರ್ಶನ ಮುಗಿಸಿ, ಭದ್ರಬಾಹು ಗುಹೆಯಲ್ಲಿ ಪಾದಗಳಿಗೆ ನಮಿಸಿ, ಹೊರಗಿನ ಬಂಡೆಯ ಮೇಲೆ ಸ್ವಲ್ಪ ಹೊತ್ತು ಕುಳಿತುಕೊಳ್ಳಿರಿ. ಎದುರಿಗೆ ಕೊಳ, ಊರು, ಅದರಾಚೆ ದೊಡ್ಡಬೆಟ್ಟ. ಅದರ ನೆತ್ತಿಯ ಮೇಲೆ ಬಾಹುಬಲಿ ಸ್ವಾಮಿ. ಆತನು ನಿಂತಿರುವುದು ಉತ್ತರಾಭಿಮುಖವಾಗಿ, ಎಂದರೆ ಈ ಚಿಕ್ಕಬೆಟ್ಟದ ಕಡೆಗೆ ಮುಖಮಾಡಿ. ಗೆದ್ದ ರಾಜ್ಯವನ್ನು ಬಿಟ್ಟು ನಿಂತವನು ಸಾವಿರ ವರ್ಷಗಳಿಂದ ನೋಡುತ್ತಿರುವುದು, ತನಗಿಂತ ಮೊದಲೇ ಬಂದು ಎಲ್ಲವನ್ನೂ ಬಿಟ್ಟು ಹೋದವರ ಈ ಬಂಡೆಯನ್ನು. ನಾವು ಅತ್ತ ನೋಡುತ್ತಾ ಧಾವಿಸುತ್ತೇವೆ. ಆತನು ಇತ್ತ ನೋಡುತ್ತಾನೆ.

ಇಳಿಯುವಾಗ ಜೇಬಿನಲ್ಲಿ ಒಂದು ಕಲ್ಲಿನ ಚೂರನ್ನೂ ತರಬೇಡಿರಿ. ಸಾಧ್ಯವಾದರೆ ಏನನ್ನಾದರೂ ಒಂದನ್ನು ಅಲ್ಲಿ ಬಿಟ್ಟು ಬನ್ನಿರಿ: ಒಂದು ಹಳೆಯ ಸಿಟ್ಟು, ಒಂದು ಮುನಿಸು, ಕೇಳದೆ ಉಳಿದ ಒಂದು ಕ್ಷಮೆ. ಅದನ್ನು ಬಂಡೆಯ ಮೇಲೆ ಬರೆಯಬೇಕಾಗಿಲ್ಲ.